ಮಂಗಳವೇಢೆಯ ಹಗೇವು, ಕೊಲ್ಹಾಪುರದ ಕ್ಯಾಮೆರಾ

ಪಾಳಿ ಬದಲಾಗುವ ಹೊತ್ತು. ಸೋಲಾಪುರ-ಪುಣೆ ಹೆದ್ದಾರಿಯ ಮಗ್ಗುಲಲ್ಲಿ ಚಿಂಚೋಳಿ ಎಂಐಡಿಸಿ ಕೈಗಾರಿಕಾ ವಸಾಹತಿನ ಗೇಟುಗಳಿಂದ ಬೈಕುಗಳು ಸಾಲಾಗಿ ಹೊರಬೀಳುತ್ತವೆ. ಚಹಾದಂಗಡಿಯ ಒಂದೇ ಬೆಂಚಿನ ಮೇಲೆ ಮರಾಠಿ, ಕನ್ನಡ, ತೆಲುಗು. ಪಗಾರ, ಮಳೆ, ಜ್ವಾಳದ ದರ, ಹೀಗೆ ಮಾತು ಹರಿಯುತ್ತದೆ.

ಆ ಜ್ವಾಳದ ತವರು ಸೋಲಾಪುರದ ನೈಋತ್ಯಕ್ಕಿರುವ ಮಂಗಳವೇಢೆ. ಕರಿ ಎರೆನೆಲದ ಅಲ್ಲಿಯ ಜ್ವಾಳಕ್ಕೆ ಈಗ ಭೌಗೋಳಿಕ ಸೂಚಕದ (ಜಿಐ) ಮಾನ್ಯತೆಯೂ ಇದೆ. ಬಿಜ್ಜಳನ ಭಂಡಾರದ ಲೆಕ್ಕ ನೋಡಿದ ಬಸವಣ್ಣನನ್ನು ಕನ್ನಡಿಗರು ಆ ಊರಿನೊಂದಿಗೆ ನೆನೆಯುತ್ತಾರೆ; ಪಂಢರಪುರದ ವಿಠೋಬನ ಭಕ್ತರಾದ ವಾರಕರಿಗಳು ನೆನೆಯುವುದು ಇನ್ನೊಬ್ಬ ಲೆಕ್ಕದವನನ್ನು, ಬೀದರಿನ ಬಹಮನಿ ಸುಲ್ತಾನರ ಅಧಿಕಾರಿ ದಾಮಾಜಿಪಂತನನ್ನು.

ಬರ ಬಿತ್ತು. ದಾಮಾಜಿ ಅಪ್ಪಣೆಗೆ ಕಾಯದೆ ಸರಕಾರಿ ಹಗೇವು ತೆಗೆಸಿ ಹಸಿದವರಿಗೆ ಧಾನ್ಯ ಹಂಚಿದ. ಅವನನ್ನು ಹಿಡಿದು ತರಲು ಬೀದರಿನಿಂದ ಹುಕುಂ ಬಂತು. ಅವನು ದರ್ಬಾರು ಮುಟ್ಟುವ ಮೊದಲೇ ಕೈಯಲ್ಲಿ ಕೋಲು, ಹೆಗಲ ಮೇಲೆ ಕಂಬಳಿ ಹೊತ್ತ ವಿಠೂ ಎಂಬ ಮಹಾರನೊಬ್ಬ ಹೊನ್ನು ಸುರಿದು, ಬಾಕಿ ತೀರಿಸಿ, ರಸೀದಿ ಪಡೆದು ಹೋಗಿದ್ದ. ಬಂದವನು ಪಂಢರಪುರದ ವಿಠೋಬ ಎನ್ನುತ್ತದೆ ಕಥೆ.

1922ರಲ್ಲಿ ಕೊಲ್ಹಾಪುರದ ಬಾಬುರಾವ್ ಪೇಂಟರ್ ಈ ದಾಮಾಜಿಯನ್ನು ಮೂಕಿಚಿತ್ರ ಮಾಡಿದರು. ಕ್ಯಾಮೆರಾವನ್ನೂ ತಾವೇ ಕಟ್ಟಿಕೊಂಡಿದ್ದ ಚಿತ್ರಕಾರ ಅವರು. ಬರ, ತೆರೆದ ಹಗೇವು, ಸುರಿದ ಹೊನ್ನು: ಕಥೆಯ ಜೀವವೆಲ್ಲ ಕಣ್ಣಿಗೇ ಕಾಣುವಂಥದ್ದು, ಮಾತು ಬೇಡದ್ದು. ಪವಾಡಗಳಿಗೆ ಆ ಕಾಲದ ಸಿನಿಮಾದವರಲ್ಲಿ ಸುಲಭದ ಉಪಾಯವಿತ್ತು: ಕ್ಯಾಮೆರಾದ ಹಿಡಿಕೆ ನಿಲ್ಲಿಸಿ, ನಟನನ್ನು ಬದಲಿಸಿ ಮತ್ತೆ ತಿರುಗಿಸಿದರೆ ದೇವರು ಪ್ರತ್ಯಕ್ಷ! ಟಾಕೀಸುಗಳಲ್ಲಿ ಹಾರ್ಮೋನಿಯಂ, ತಬಲಾ ನುಡಿಯುತ್ತಿದ್ದವು. ಪರದೆಯ ಅಕ್ಷರಗಳನ್ನು ಓದಬಲ್ಲವರು ಓದಲು ಬಾರದವರಿಗೆ ಗಟ್ಟಿಯಾಗಿ ಓದಿ ಹೇಳುತ್ತಿದ್ದರು. ಮರಾಠಿ ಬಾರದವರಿಗೂ ಹಸಿವಿನ ಚಿತ್ರ ಅರ್ಥವಾಗದೆ ಹೋಗುವಂಥದ್ದಲ್ಲ.

ಅಸ್ಪೃಶ್ಯತೆಯ ವಿರುದ್ಧ ನಿಂತ ಶಾಹೂ ಮಹಾರಾಜರ ಊರು ಕೊಲ್ಹಾಪುರ; ಅವರು ತೀರಿಕೊಂಡದ್ದೂ 1922ರಲ್ಲೇ. ದೇವರು ಮಹಾರನಾಗಿ ಸುಲ್ತಾನನ ದರ್ಬಾರು ಹೊಕ್ಕ ಕಥೆ ಪರದೆಗೆ ಬಂದ ಆ ವರ್ಷ, ಅಸ್ಪೃಶ್ಯರೆನಿಸಿದ್ದ ಮಹಾರರು ಪಂಢರಪುರದ ಗುಡಿಯೊಳಗೆ ಕಾಲಿಡುವಂತಿರಲಿಲ್ಲ. ಮಂಗಳವೇಢೆಯಲ್ಲಿ ಗೋಡೆ ಕುಸಿದು ಸತ್ತ ಮಹಾರ ಸಂತ ಚೋಖಾಮೇಳನ ಸಮಾಧಿಯೂ ಗುಡಿಯ ಹೊರಗೇ ಇದೆ. 1947ರಲ್ಲಿ ಗಾಂಧಿವಾದಿ ಸಾನೆ ಗುರೂಜಿ ಗುಡಿಪ್ರವೇಶಕ್ಕಾಗಿ ಉಪವಾಸ ಕೂತ ಮೇಲೆ ಬಾಗಿಲು ತೆರೆಯಿತು. ಮಹಾರನ ವೇಷ ತೊಟ್ಟ ದೇವರಿಗೆ ಕೈಮುಗಿದ ಜನ, ಮಹಾರರನ್ನು ದೇವರ ಮುಂದೆ ಬಿಡಲು ಇನ್ನೂ 25 ವರ್ಷ ತೆಗೆದುಕೊಂಡರು.