ಕೆರೆಯೋ, ಧಕ್ಕೆಯೋ?

‘ಲೋಥಾಲ್ ಅಗೆಸಿದವರು ನಮ್ಮ ಆನಂದಪುರದವರಂತೆ. ಆದರೆ ಅಲ್ಲಿ ಸಿಕ್ಕಿದ್ದು ಬಂದರೇ ಅಲ್ಲ, ಬರೀ ಕೆರೆ ಅಂತ ಎಲ್ಲೋ ಓದಿದೆ. ಯಾವುದು ನಿಜ?’ ಸಾಗರದ ಕಡೆಯ ಓದುಗರೊಬ್ಬರು ಕೇಳಿದ್ದಾರೆ. ಮೊದಲ ಮಾತಿಗೆ ಉತ್ತರ ಸುಲಭ: ಹೌದು. ಎರಡನೆಯದಕ್ಕೆ ಈ ಪುಟವೇ ಸಾಲದು.

ಲೋಥಾಲ್ ಅಗೆಸಿದ ಶಿಕಾರಿಪುರ ರಂಗನಾಥ ರಾವ್ ಹುಟ್ಟಿದ್ದು 1922ರಲ್ಲಿ. ಮೈಸೂರು ವಿಶ್ವವಿದ್ಯಾಲಯದಲ್ಲಿ ಓದಿದರು, ಬರೋಡಾದ ಪುರಾತತ್ವ ಇಲಾಖೆಯಲ್ಲಿ ದುಡಿದರು, ಆಮೇಲೆ ಭಾರತೀಯ ಪುರಾತತ್ವ ಸರ್ವೇಕ್ಷಣೆಗೆ ಬಂದರು. ದೇಶ ಇಬ್ಭಾಗವಾದಾಗ ಹರಪ್ಪ, ಮೊಹೆಂಜೊದಾರೊ ಎರಡೂ ಗಡಿಯಾಚೆ ಉಳಿದಿದ್ದವು. ಆ ಸಿಂಧೂ ನಾಗರಿಕತೆಯ ಊರುಗಳು ಈಚೆಗೂ ಇವೆಯೇ ಎಂದು ದಿಬ್ಬ ದಿಬ್ಬ ತಡಕುವ ಕೆಲಸ ಶುರುವಾಯಿತು. 1954ರಲ್ಲಿ ಅಹಮದಾಬಾದಿನಿಂದ ಸುಮಾರು 80 ಕಿ.ಮೀ. ದೂರದಲ್ಲಿ ರಾವ್ ಅವರ ಕಣ್ಣಿಗೆ ಬಿದ್ದದ್ದು ಲೋಥಾಲ್. ಹೆಸರಿನ ಅರ್ಥ ‘ಸತ್ತವರ ದಿಬ್ಬ’. ಮೊಹೆಂಜೊದಾರೊ ಎಂದರೆ ಸಿಂಧಿಯಲ್ಲೂ ಅದೇ. 1955ರಿಂದ 1960ರವರೆಗೆ ಅಲ್ಲಿ ಉತ್ಖನನ ನಡೆಯಿತು.

ಊರಿನ ಪೂರ್ವದ ಅಂಚಿನಲ್ಲಿ ಸುಟ್ಟ ಇಟ್ಟಿಗೆಯ ಗೋಡೆ ಕಟ್ಟಿದ ದೊಡ್ಡ ಹೊಂಡವೊಂದು ಹೊರಬಂತು. ಇನ್ನೂರು ಮೀಟರಿಗೂ ಮಿಕ್ಕ ಉದ್ದ, 35 ಮೀಟರಿಗೂ ಹೆಚ್ಚು ಅಗಲ. ಇದು ಹಡಗು ನಿಲ್ಲುವ ಜಾಗ, ಮಂಗಳೂರಿನವರ ಮಾತಿನಲ್ಲಿ ಧಕ್ಕೆ, ಎಂದರು ರಾವ್. ತಗಾದೆ ಹುಟ್ಟಿದ್ದು ಅಲ್ಲಿಂದ.

ಇದನ್ನು ತೀರ್ಮಾನಿಸಲು ಕೆರೆ ಕಂಡ ನಾವೇ ಸರಿಯಾದ ಪಂಚರು. ನಮ್ಮ ಕಲ್ಯಾಣಿಗಳಿಗೆ ಸುತ್ತ ಮೆಟ್ಟಿಲು, ಇಳಿಯಬೇಕಲ್ಲ. ಕೆರೆಗೆ ಒಂದು ಕಡೆ ಏರಿ, ಉಳಿದ ಕಡೆ ಇಳಿಜಾರು. ದನಕರು ನೀರಿಗೆ ಹೋಗಬೇಕಲ್ಲ. ಲೋಥಾಲಿನ ಹೊಂಡಕ್ಕೆ ಮೆಟ್ಟಿಲೂ ಇಲ್ಲ, ಇಳಿಜಾರೂ ಇಲ್ಲ, ನಾಲ್ಕೂ ಕಡೆ ನೆಟ್ಟಗಿನ ಗೋಡೆ. ಕೊಡ ಹಿಡಿದು ಬಂದವಳು ಇಳಿಯುವುದೆಲ್ಲಿ? ಎಮ್ಮೆ ಬಾಯಿ ಹಾಕುವುದೆಲ್ಲಿ? ರಾವ್ ಅವರ ವಾದದ ಜೀವ ಇರುವುದು ಇಲ್ಲೇ. ಮತ್ತೊಂದು, ದಕ್ಷಿಣದ ಗೋಡೆಯಲ್ಲಿ ನೀರು ಹೊರಬಿಡುವ ಕಿಂಡಿಯಿದೆ, ಹಲಗೆ ಇಳಿಬಿಡಲು ಕೊರೆದ ಸೀಳೂ ಇದೆ. ಭರತದಲ್ಲಿ ಏರಿದ ನೀರು ಇಳಿತದಲ್ಲಿ ಪೂರ್ತಿ ಬಸಿದು ಹೋದರೆ ದೋಣಿ ನೆಲ ಕಚ್ಚುತ್ತದೆ. ಅದಕ್ಕೇ ಈ ಏರ್ಪಾಡು.

ಎದುರು ವಾದವೂ ಕಡಿಮೆಯದಲ್ಲ. 1968ರಲ್ಲಿ ಲಾರೆನ್ಸ್ ಲೆಶ್ನಿಕ್ ಇದು ನೀರಾವರಿಯ ಹೊಂಡವೇ ಎಂದು ಬರೆದರು. ಕಿಂಡಿಯೆಂದಿರಾ? ಕೆರೆಗೂ ಕೋಡಿ ಇರುತ್ತದೆ. ತೂತು ಕೊರೆದ ಕಲ್ಲುಗಳು ಸಿಕ್ಕಿವೆ, ಅವು ಲಂಗರು ಎಂದಿರಾ? ಏತದ ಬಾಲಕ್ಕೆ ಕಟ್ಟುವ ಕಲ್ಲಿಗೂ ತೂತು ಬೇಕು. ನೋಡಿ, ನಮ್ಮ ಕೆರೆಯ ಉಪಮೆ ಎರಡೂ ಪಕ್ಷಕ್ಕೆ ಸಾಕ್ಷಿ ಹೇಳಿಬಿಟ್ಟಿತು!

ಇಂಥ ಕಡೆ ಕಣ್ಣಿಗಿಂತ ಸೂಕ್ಷ್ಮದರ್ಶಕ ಮೇಲು. 1980ರ ದಶಕದ ಕೊನೆಯಲ್ಲಿ ಗೋವೆಯ ರಾಷ್ಟ್ರೀಯ ಸಾಗರವಿಜ್ಞಾನ ಸಂಸ್ಥೆಯ ರಾಜೀವ್ ನಿಗಮ್ ಹೊಂಡದ ಹೂಳಿನಲ್ಲಿ ಫೊರಾಮಿನಿಫೆರಾ ಕಂಡರು. ಇವು ಒಂದೇ ಕೋಶದ, ಸುಣ್ಣದ ಚಿಪ್ಪು ಕಟ್ಟಿಕೊಳ್ಳುವ ಸಮುದ್ರದ ಜೀವಿಗಳು. ಸಿಹಿನೀರ ಕೆರೆಯಲ್ಲಿ ಅವಕ್ಕೇನು ಕೆಲಸ? ಹೊಂಡಕ್ಕೆ ಸಮುದ್ರದ ನೀರು ಬರುತ್ತಿತ್ತು ಎಂಬುದಂತೂ ಖಚಿತವಾಯಿತು. ಉಪ್ಪುನೀರನ್ನು ಯಾರೂ ಗದ್ದೆಗೆ ಹಾಯಿಸುವುದಿಲ್ಲ. 2024ರಲ್ಲಿ ಗಾಂಧಿನಗರದ ಐಐಟಿಯವರು ಹಳೆಯ ನಕ್ಷೆ, ಉಪಗ್ರಹ ಚಿತ್ರಗಳನ್ನು ಹೋಲಿಸಿ, ಈಗ ಸುಮಾರು 20 ಕಿ.ಮೀ. ದೂರದಲ್ಲಿರುವ ಸಾಬರಮತಿ ಆಗ ಲೋಥಾಲ್ ಪಕ್ಕದಲ್ಲೇ ಹರಿಯುತ್ತಿತ್ತು ಎಂದು ತೋರಿಸಿದರು. ನೀರು ಬಂದದ್ದು ಗೊತ್ತಾಯಿತು, ದಾರಿಯೂ ಗೊತ್ತಾಯಿತು. ಆ ನೀರಿನ ಮೇಲೆ ಹಡಗು ಬಂತೆಂದು ಮಾತ್ರ ಚಿಪ್ಪು ಹೇಳಲಾರದು.

ಹಾಗಾಗಿ ನನಗೆ ಹೊಂಡಕ್ಕಿಂತ ಅದರ ಬಳಿಯ ಉಗ್ರಾಣವೇ ಹೆಚ್ಚು ಇಷ್ಟ. ಒಮ್ಮೆ ಅದಕ್ಕೆ ಬೆಂಕಿ ಬಿತ್ತು. ಸರಕು ಬೂದಿಯಾಯಿತು, ಮೂಟೆಗೆ ಮೆತ್ತಿ ಮುದ್ರೆ ಒತ್ತಿದ್ದ ಹಸಿಮಣ್ಣಿನ ಉಂಡೆಗಳು ಅದೇ ಬೆಂಕಿಯಲ್ಲಿ ಸುಟ್ಟು ಗಟ್ಟಿಯಾದವು. ಅಂಥವು ಅರವತ್ತಕ್ಕೂ ಹೆಚ್ಚು ಸಿಕ್ಕಿವೆ. ಮುಂದೆ ಮುದ್ರೆಯ ಅಚ್ಚು. ಬೆನ್ನು ತಿರುಗಿಸಿದರೆ ಬಟ್ಟೆಯ ನೇಯ್ಗೆ, ಚಾಪೆ, ಹಗ್ಗದ ಗಂಟು. ಸಾಗರದ ಮಂಡಿಯಲ್ಲಿ ಅಡಿಕೆ ಮೂಟೆಯ ಮೇಲೆ ಬರೆದ ಗುರುತು ನೋಡಿದವರಿಗೆ ಇದನ್ನು ವಿವರಿಸಬೇಕಿಲ್ಲ. ಮೂಟೆಯಿಲ್ಲ, ಮಾಲಿಲ್ಲ, ಮಾಲೀಕನಿಲ್ಲ. ಗುರುತು ಮಾತ್ರ ನಾಲ್ಕು ಸಾವಿರ ವರ್ಷ ಉಳಿದಿದೆ. ಜೊತೆಗೆ ಬಹರೈನ್ ಕಡೆಯ ಮಾದರಿಯ ದುಂಡನೆಯ ಮುದ್ರೆಯೊಂದೂ ಲೋಥಾಲಿನಲ್ಲೇ ಸಿಕ್ಕಿತು.

ರಾವ್ ಅವರ ಎಲ್ಲ ಮಾತೂ ಹೀಗೆ ಗಟ್ಟಿಯಾಗಲಿಲ್ಲ. 1982ರಲ್ಲಿ ಸಿಂಧೂ ಲಿಪಿಯನ್ನು ಓದಿದೆನೆಂದು ದೊಡ್ಡ ಪುಸ್ತಕವನ್ನೇ ತಂದರು; ವಿದ್ವಾಂಸರು ಒಪ್ಪಲಿಲ್ಲ. ನಿವೃತ್ತಿಯ ನಂತರ ಗೋವೆಯ ಸಾಗರವಿಜ್ಞಾನ ಸಂಸ್ಥೆಯಲ್ಲಿ ಕಡಲ ಪುರಾತತ್ವಕ್ಕೆ ತಳಪಾಯ ಹಾಕಿ, ದ್ವಾರಕೆಯ ಸಮುದ್ರದಡಿ ಹುಡುಕಿಸಿ, ಮಹಾಭಾರತದ ಪಟ್ಟಣ ಸಿಕ್ಕಿತೆಂದರು. ಅಲ್ಲಿಯ ಲಂಗರುಗಳು ಬಹಳ ಈಚಿನ ಬಂದರಿನವು ಎಂದು ಮುಂದೆ ಅದೇ ಸಂಸ್ಥೆಯ ಸಂಶೋಧಕರು ವಾದಿಸಿದರು. ಟಿವಿಯವರಿಗೆ ಈ ಎರಡನೆಯ ವಾಕ್ಯ ಇಂದಿಗೂ ಕೇಳಿಸಿಲ್ಲ. 2013ರಲ್ಲಿ ರಾವ್ ಬೆಂಗಳೂರಿನಲ್ಲಿ ತೀರಿಕೊಂಡರು.

ಕೆರೆಯೋ ಧಕ್ಕೆಯೋ? ನನ್ನ ಮತ ಧಕ್ಕೆಗೆ. ನಾಳೆ ಯಾರಾದರೂ ಅದನ್ನು ಕೆರೆಯೆಂದೇ ಸಾಬೀತು ಮಾಡಿದರೂ ಲೋಥಾಲ್ ವ್ಯಾಪಾರದ ಊರಾಗಿಯೇ ಉಳಿಯುತ್ತದೆ. ಮಣ್ಣಿನುಂಡೆಯ ಬೆನ್ನಿನ ಮೇಲೆ ಆ ಹಗ್ಗದ ಗಂಟು ಇನ್ನೂ ಬಿಚ್ಚಿಲ್ಲ.