ಬಡ್ಡಿಗೆ ಕತ್ತರಿ ಯಾರ ಕೈಲಿ?

ಸರ್ಕಾರಿ ಕೆಲಸ ಹಿಡಿದ ಕಂಟ್ರಾಕ್ಟರರಿಗೆ ಬಿಲ್ಲಿಗಿಂತ ಬಡ್ಡಿಯದೇ ದೊಡ್ಡ ಚಿಂತೆ. ಬಿಲ್ಲು ವರುಷಗಟ್ಟಲೆ ಕೊಳೆತರೆ ಸಾಲ ಕೊಟ್ಟವರು ಸುಮ್ಮನಿರ್ತಾರೆಯೇ?

ನಮ್ಮ ಕೃಷ್ಣಾ ಭಾಗ್ಯ ಜಲ ನಿಗಮದ ಮೊಕದ್ದಮೆಯನ್ನೇ ನೋಡಿ. ಕಾಮಗಾರಿ ತಕರಾರಿನಲ್ಲಿ ಪಂಚಾಯ್ತಿದಾರರು ಶೇ. 18 ಬಡ್ಡಿ ಹಾಕಿದ್ದರು. 2007ರಲ್ಲಿ ಸುಪ್ರೀಂ ಕೋರ್ಟು, ದೇಶದಲ್ಲಿ ಬಡ್ಡಿ ದರವೇ ಇಳಿದಿದೆಯೆಂದು ಅದನ್ನು ಶೇ. 9ಕ್ಕೆ ತಂದಿತು. ಲಕ್ಷಕ್ಕೆ ವರುಷಕ್ಕೆ 18 ಸಾವಿರ ಹೋಗಿ 9 ಸಾವಿರ!

ಆದರೆ 2021ರಲ್ಲಿ, ಹೆದ್ದಾರಿ ಪ್ರಾಧಿಕಾರದ ಮೊಕದ್ದಮೆಯಲ್ಲಿ ಅದೇ ಕೋರ್ಟು ಬೇರೆ ಮಾತಾಡಿತು. ಪಂಚಾಯ್ತಿ ತೀರ್ಪನ್ನು ರದ್ದು ಮಾಡಬಹುದು, ತಿದ್ದುವ ಹಾಗಿಲ್ಲ ಎಂದಿತು.

ಗೊಂದಲ ಬಿಡಿಸಿದ್ದು 2025ರ ಏಪ್ರಿಲ್ 30ರಂದು, ಐವರು ನ್ಯಾಯಮೂರ್ತಿಗಳ ಪೀಠ. ನಾಲ್ವರ ಬಹುಮತದ ಮಾತು ಇಷ್ಟು: ತೀರ್ಪಾದ ಮೇಲಿನ ಬಡ್ಡಿಯನ್ನು ತಕ್ಕ ಕಾರಣವಿದ್ದರೆ ಕೋರ್ಟು ಏರಿಸಬಹುದು, ಇಳಿಸಬಹುದು. ವಿಚಾರಣೆ ಕಾಲದ ಬಡ್ಡಿ ತಪ್ಪೆನಿಸಿದರೆ ರದ್ದು ಮಾಡಬೇಕು, ಇಲ್ಲವೇ ಪಂಚಾಯ್ತಿದಾರರಿಗೇ ವಾಪಸು ಕಳಿಸಬೇಕು.

ಬಡ್ಡಿ ಹೆಚ್ಚಾದರೆ ಹೊರೆ ನಮ್ಮ ನಿಮ್ಮ ತೆರಿಗೆಗೆ. ಕಡಿಮೆಯಾದರೆ ಕಂಟ್ರಾಕ್ಟರನ ಮನೆಗೆ. ಬಿಲ್ಲನ್ನು ಹೊತ್ತಿಗೆ ಸರಿಯಾಗಿ ಕೊಟ್ಟುಬಿಟ್ರೆ ಈ ರಗಳೆಯೇ ಇಲ್ಲವಲ್ಲ ಸ್ವಾಮಿ?