ನಿಮಗಿದು ಗೊತ್ತೇ? ಬೈಬಲ್ ಜಗಳ ಮತ್ತು ಬಳ್ಳಾರಿಯ ಅಚ್ಚುಕೂಟ

ಕ್ರೈಸ್ತರಲ್ಲಿ ಕಥೋಲಿಕರು ಮತ್ತು ಪ್ರೊಟೆಸ್ಟಂಟರ ನಡುವಿನ ಪೈಪೋಟಿ ಯುರೋಪಿಗಷ್ಟೇ ಸೇರಿದ ಕತೆಯಲ್ಲ. ಗೋವಾ, ಪೆರು, ಬ್ರೆಜಿಲ್‌ಗಳವರೆಗೆ ಹಬ್ಬಿದ ಆ ಕತೆಯ ಒಂದು ಎಳೆ ನಮ್ಮ ಬಳ್ಳಾರಿಯಲ್ಲೂ ಇದೆ. ಅದು ಕನ್ನಡದ ಪುಸ್ತಕ, ಪತ್ರಿಕೆ, ಶಾಲೆಗಳ ಕತೆಯೂ ಹೌದು.

● ಕನ್ನಡ ಕಲಿಯುವುದರಲ್ಲಿ ಕಥೋಲಿಕ ಪಾದ್ರಿಗಳೇ ಮುಂದಿದ್ದರು. ಇಟಲಿಯ ಜೆಸ್ವಿಟ್ ಲಿಯೊನಾರ್ಡೊ ಚಿನ್ನಾಮಿ 17ನೇ ಶತಮಾನದ ನಡುಭಾಗದಲ್ಲೇ ಶ್ರೀರಂಗಪಟ್ಟಣಕ್ಕೆ ಬಂದು, ಕನ್ನಡ ಕಲಿತು, ಕನ್ನಡದಲ್ಲಿ ಬರೆದರು. ಪ್ರೊಟೆಸ್ಟಂಟ್ ಮಿಷನರಿಗಳು ಕನ್ನಡ ನಾಡಿನಲ್ಲಿ ನೆಲೆಯೂರಿದ್ದು ಅದಾದ ಸುಮಾರು ನೂರೈವತ್ತು ವರ್ಷಗಳ ಮೇಲೆ.

● 1808ರಲ್ಲಿ ಕ್ಲಾಡಿಯಸ್ ಬುಕಾನನ್ ಎಂಬ ಸ್ಕಾಟ್ಲೆಂಡ್ ಮೂಲದ ಪ್ರೊಟೆಸ್ಟಂಟ್ ಪಾದ್ರಿ ನೇರವಾಗಿ ಕಥೋಲಿಕ ಗೋವಾಕ್ಕೆ ಹೋದರು. ಅಲ್ಲಿ 1560ರಿಂದ ಇಂಕ್ವಿಜಿಷನ್ ಎಂಬ ಧಾರ್ಮಿಕ ನ್ಯಾಯಮಂಡಳಿ ನಡೆಯುತ್ತಿತ್ತು. ಬುಕಾನನ್ ಅದರ ಅಧಿಕಾರಿಯನ್ನೇ ಕಂಡು ಮಾತಾಡಿ, ಸೆರೆಮನೆಗಳ ವಿಚಾರ ಕೇಳಿದರು. 1811ರಲ್ಲಿ ಆ ಭೇಟಿಯ ವಿವರವನ್ನು ಪುಸ್ತಕದಲ್ಲಿ ಬರೆದು ಪ್ರಕಟಿಸಿದರು. ಮರುವರ್ಷ, 1812ರಲ್ಲಿ, ಗೋವಾದ ಆ ಮಂಡಳಿ ರದ್ದಾಯಿತು.

● ಬಳ್ಳಾರಿಗೆ ಪ್ರೊಟೆಸ್ಟಂಟ್ ಮಿಷನ್ ಬಂದದ್ದು 1810ರಲ್ಲಿ. ಲಂಡನ್ ಮಿಷನರಿ ಸೊಸೈಟಿಯ ಜಾನ್ ಹ್ಯಾಂಡ್ಸ್ ಇಲ್ಲಿ ನೆಲೆಸಿದರು. ಮಿಷನರಿಗಳಿಗೆ ಈಸ್ಟ್ ಇಂಡಿಯಾ ಕಂಪನಿಯ ಸೀಮೆಯ ಬಾಗಿಲು ತೆರೆದ ಕಾನೂನು ಬಂದದ್ದು 1813ರಲ್ಲಿ. ಅಂದರೆ ಹ್ಯಾಂಡ್ಸ್ ಅದಕ್ಕೂ ಮೂರು ವರ್ಷ ಮೊದಲೇ ಇಲ್ಲಿದ್ದರು.

● ಜಗಳದ ಮೂಲವೇನು? ಬೈಬಲನ್ನು ಟಿಪ್ಪಣಿ, ವ್ಯಾಖ್ಯಾನ ಏನೂ ಇಲ್ಲದೆ ಜನರ ಭಾಷೆಯಲ್ಲಿ ಅಚ್ಚು ಹಾಕಿಸಿ ಎಲ್ಲರ ಕೈಗೂ ಕೊಡಬೇಕು ಎಂಬುದು ಪ್ರೊಟೆಸ್ಟಂಟರ ಹಟ. ಸಭೆಯ (ಚರ್ಚಿನ) ವಿವರಣೆಯಿಲ್ಲದೆ ಕೊಟ್ಟರೆ ಜನ ತಪ್ಪಾಗಿ ತಿಳಿಯುತ್ತಾರೆ ಎಂಬುದು ಕಥೋಲಿಕರ ಆತಂಕ. ಎಲ್ಲರೂ ಓದಬೇಕು ಅಂದಮೇಲೆ ಶಾಲೆ ಬೇಕು, ವ್ಯಾಕರಣ ಬೇಕು, ನಿಘಂಟು ಬೇಕು, ಅಚ್ಚುಕೂಟ ಬೇಕು. ಬಳ್ಳಾರಿಗೆ ಇವೆಲ್ಲ ಒಂದರ ಹಿಂದೊಂದು ಬಂದದ್ದು ಹೀಗೆ.

● ಹ್ಯಾಂಡ್ಸ್ ಬಳ್ಳಾರಿಯಲ್ಲಿ ಕೂತು ಬೈಬಲನ್ನು ಕನ್ನಡಕ್ಕೆ ತರುವ ಕೆಲಸ ಹಿಡಿದರು. ಬಿಡಿ ಭಾಗಗಳಾಗಿ ಹೊರಬರುತ್ತ ಅದು ಪೂರ್ತಿಯಾಗಿ ಅಚ್ಚಾಗುವ ಹೊತ್ತಿಗೆ 1830ರ ದಶಕ ಬಂದಿತ್ತು. ಒಂದೇ ಗ್ರಂಥಕ್ಕೆ ಸುಮಾರು ಎರಡು ದಶಕಗಳ ದುಡಿಮೆ.

● ಈ ಅನುವಾದಗಳನ್ನು ಖಾರವಾಗಿ ಟೀಕಿಸಿದವರು ಮೈಸೂರು ಸೀಮೆಯಲ್ಲಿದ್ದ ಫ್ರೆಂಚ್ ಕಥೋಲಿಕ ಪಾದ್ರಿ ಅಬ್ಬೆ ದುಬುವಾ. 1792ರಿಂದ 1823ರವರೆಗೆ ಭಾರತದಲ್ಲಿದ್ದು, ನಮ್ಮವರಂತೆಯೇ ಉಡುಪು ತೊಟ್ಟು, ಸಸ್ಯಾಹಾರ ಉಂಡು ಬಾಳಿದವರು. 1823ರಲ್ಲಿ ಲಂಡನ್ನಿನಲ್ಲಿ ಪ್ರಕಟವಾದ ಪತ್ರಗಳಲ್ಲಿ ಅವರು, ಬೈಬಲನ್ನು ಹಾಗೆಯೇ ಭಾಷಾಂತರಿಸಿ ಹಂಚಿದರೆ ಇಲ್ಲಿನ ಜನರಿಗೆ ಅದು ರುಚಿಸುವುದೂ ಇಲ್ಲ, ಅರ್ಥವಾಗುವುದೂ ಇಲ್ಲ ಎಂದು ವಾದಿಸಿದರು. ಮರುವರ್ಷವೇ ಜೇಮ್ಸ್ ಹಫ್, ಹೆನ್ರಿ ಟೌನ್ಲಿ ಎಂಬ ಪ್ರೊಟೆಸ್ಟಂಟರು ಉತ್ತರವಾಗಿ ಒಂದೊಂದು ಪುಸ್ತಕವನ್ನೇ ಬರೆದರು.

● ಇದೇ ದುಬುವಾ ಮೈಸೂರು ಸೀಮೆಯಲ್ಲಿ ಸಿಡುಬಿನ ವಿರುದ್ಧ ಹಾಲುಮೈಲಿ ಹಾಕಿಸುವ ಕೆಲಸದಲ್ಲೂ ಮುಂದೆ ನಿಂತಿದ್ದರು. ಅವರ ವಾದವನ್ನು ಒಪ್ಪದವರೂ ಈ ಉಪಕಾರವನ್ನು ನೆನೆಯಬೇಕು.

● ಬಳ್ಳಾರಿ ಮಿಷನ್ನಿಗೆ 1816ರಲ್ಲಿ ಬಂದ ವಿಲಿಯಂ ರೀವ್ ಎರಡು ನಿಘಂಟು ಕಟ್ಟಿದರು: 1824ರಲ್ಲಿ ಇಂಗ್ಲಿಷ್–ಕನ್ನಡ, 1832ರಲ್ಲಿ ಕನ್ನಡ–ಇಂಗ್ಲಿಷ್. ಡೇನಿಯಲ್ ಸ್ಯಾಂಡರ್ಸನ್ ಈ ಎರಡನೆಯದನ್ನು ಪರಿಷ್ಕರಿಸಿ 1858ರಲ್ಲಿ ಬೆಂಗಳೂರಿನಲ್ಲಿ ಹೊರತಂದರು. ಕಿಟ್ಟೆಲರ ಹೆಸರಾಂತ ನಿಘಂಟು ಬಂದದ್ದು 1894ರಲ್ಲಿ, ರೀವ್ ನಿಘಂಟಿಗಿಂತ ಅರವತ್ತೆರಡು ವರ್ಷ ತಡವಾಗಿ.

● ರೀವ್, ಹ್ಯಾಂಡ್ಸ್ ಇಬ್ಬರೂ ಕನ್ನಡ ಕಲಿತದ್ದು ಇಲ್ಲಿನ ಪಂಡಿತರಿಂದ, ಮುನ್ಷಿಗಳಿಂದ. ಪದದ ಬಳಕೆ ತಿಳಿಸಿದವರು, ವಾಕ್ಯ ತಿದ್ದಿದವರು ಅವರೇ. ಪುಸ್ತಕದ ಮುಖಪುಟದಲ್ಲಿ ಅವರ ಹೆಸರಿಲ್ಲ. ಕನ್ನಡದ ಮೊದಲ ಅಚ್ಚಿನ ಪುಸ್ತಕಗಳ ಚರಿತ್ರೆ ಬರೆಯುವಾಗ ಮಿಷನರಿಗಳ ಪಕ್ಕದಲ್ಲೇ ಅವರಿಗೂ ಜಾಗ ಕೊಡುವುದು ನ್ಯಾಯ.

● ಕನ್ನಡದ ಮೊದಲ ಪತ್ರಿಕೆ ‘ಮಂಗಳೂರ ಸಮಾಚಾರ’ ಎಂಬುದು ಎಲ್ಲರಿಗೂ ಗೊತ್ತು. ಬಾಸೆಲ್ ಮಿಷನ್ನಿನ ಹರ್ಮನ್ ಮೊಗ್ಲಿಂಗ್ 1843ರ ಜುಲೈ 1ರಂದು ಅದನ್ನು ಶುರುಮಾಡಿದರು. ಅದೇ ಪತ್ರಿಕೆ 1844ರಲ್ಲಿ ‘ಕನ್ನಡ ಸಮಾಚಾರ’ ಎಂಬ ಹೆಸರು ಹೊತ್ತು ಬಳ್ಳಾರಿಗೆ ಬಂತು. ಮಂಗಳೂರಿನಲ್ಲಿ ಆಗ ಇದ್ದದ್ದು ಕಲ್ಲಚ್ಚು. ಬಳ್ಳಾರಿಯ ಮಿಷನ್ ಅಚ್ಚುಕೂಟದಲ್ಲಿ ಮೊಳೆ ಜೋಡಿಸಿ ಅಚ್ಚು ಹಾಕಬಹುದಿತ್ತು. ಕನ್ನಡ ಪತ್ರಿಕೋದ್ಯಮದ ಎರಡನೇ ತವರು ಬಳ್ಳಾರಿ ಎಂದರೆ ತಪ್ಪಿಲ್ಲ.

● ಸರ್ಕಾರಿ ಅಧಿಕಾರಿಗಳು ಮತಪ್ರಚಾರಕ್ಕೆ ಇಳಿಯಬಹುದೇ? ಈ ಪ್ರಶ್ನೆ ಬಳ್ಳಾರಿಯಲ್ಲೇ ಎದ್ದಿತ್ತು. ಇಲ್ಲಿನ ಸಬ್ ಕಲೆಕ್ಟರ್ ಜನರಿಗೆ ಧರ್ಮದ ಕಿರುಪುಸ್ತಕ ಹಂಚಿದ್ದು ತಿಳಿದು, ಮದ್ರಾಸ್ ಗವರ್ನರ್ ಥಾಮಸ್ ಮನ್ರೊ 1822ರಲ್ಲಿ ಅದನ್ನು ಬಲವಾಗಿ ಆಕ್ಷೇಪಿಸಿ ಬರೆದರು. ಅಧಿಕಾರ ಹಿಡಿದವರು ಆ ಕೆಲಸಕ್ಕೆ ಕೈಹಾಕಬಾರದು ಎಂಬುದು ಅವರ ನಿಲುವು. ಮನ್ರೊ ಈ ಸೀಮೆಗೆ ಹೊಸಬರೇನೂ ಅಲ್ಲ. ನಿಜಾಮರು 1800ರಲ್ಲಿ ಬಿಟ್ಟುಕೊಟ್ಟ ಈ ದತ್ತ ಮಂಡಲಕ್ಕೆ ಮೊದಲ ಪ್ರಧಾನ ಕಲೆಕ್ಟರ್ ಅವರೇ.

● ಬಳ್ಳಾರಿಯ ವಾರ್ಡ್ಲಾ ಶಾಲೆಯ ಹೆಸರು ಲಂಡನ್ ಮಿಷನ್ನಿನ ಜೆ.ಎಸ್. ವಾರ್ಡ್ಲಾ ಅವರದು. ಶಾಲೆ ಶುರುವಾದದ್ದು 1846ರಲ್ಲಿ.

● ಮಿಷನ್ ಶಾಲೆಗಳಿಗೂ ಮುಂಚೆ ಬಳ್ಳಾರಿ ಸೀಮೆಯಲ್ಲಿ ಓದು ಇರಲಿಲ್ಲ ಎಂದು ಯಾರಾದರೂ ಹೇಳಿದರೆ ನಂಬಬೇಡಿ. 1823ರಲ್ಲಿ ಕಲೆಕ್ಟರ್ ಎ.ಡಿ. ಕ್ಯಾಂಪ್ಬೆಲ್ ಕಳಿಸಿದ ವರದಿಯ ಪ್ರಕಾರ ಜಿಲ್ಲೆಯಲ್ಲಿ 533 ಶಾಲೆಗಳು, 6,641 ವಿದ್ಯಾರ್ಥಿಗಳು. ಕನ್ನಡ ಶಾಲೆ 235, ತೆಲುಗು 226, ಮರಾಠಿ 23, ಪಾರಸಿ 21, ತಮಿಳು 4, ಇಂಗ್ಲಿಷ್ 1. ಬ್ರಾಹ್ಮಣರಿಗೆ ಶಾಸ್ತ್ರ ಹೇಳಿಕೊಡುವ ಪಾಠಶಾಲೆ 23. ಸಿರುಗುಪ್ಪ, ಕುರುಗೋಡು ಸೀಮೆಗಳಲ್ಲದೆ ಈಗಿನ ಅನಂತಪುರವೂ ಆಗ ಬಳ್ಳಾರಿ ಜಿಲ್ಲೆಗೇ ಸೇರಿತ್ತು.

● ಆ ಶಾಲೆಗಳ ಬೆಳಗು ಹೇಗಿತ್ತು ಎಂಬುದನ್ನೂ ಕ್ಯಾಂಪ್ಬೆಲ್ ಬರೆದಿದ್ದಾರೆ. ಮೊದಲು ಬಂದ ಹುಡುಗನ ಅಂಗೈ ಮೇಲೆ ಸರಸ್ವತಿಯ ಹೆಸರು ಬರೆಯುತ್ತಿದ್ದರು. ಎರಡನೆಯವನ ಕೈಗೆ ಸೊನ್ನೆ: ಹೊಗಳಿಕೆಯೂ ಇಲ್ಲ, ತೆಗಳಿಕೆಯೂ ಇಲ್ಲ. ಮೂರನೆಯವನಿಗೆ ಮೆಲ್ಲಗೆ ಒಂದು ಬೆತ್ತದೇಟು, ನಾಲ್ಕನೆಯವನಿಗೆ ಎರಡು. ತಡವಾದಷ್ಟೂ ಏಟು ಹೆಚ್ಚು. ಅಕ್ಷರ ತಿದ್ದುವುದು ಮೊದಲು ಮರಳಿನ ಮೇಲೆ ಬೆರಳಿನಿಂದ, ಆಮೇಲೆ ಕಡತದ ಮೇಲೆ ಬಳಪದಿಂದ. ಲಿಂಗಾಯತ ಮಕ್ಕಳ ಓದಿನ ಪಟ್ಟಿಯಲ್ಲಿ ಬಸವಪುರಾಣ, ಗಿರಿಜಾಕಲ್ಯಾಣ, ಚೆನ್ನಬಸವಪುರಾಣಗಳಿದ್ದವು.

● ದೊಡ್ಡ ಹುಡುಗರೇ ಚಿಕ್ಕವರಿಗೆ ಕಲಿಸುವ ನಮ್ಮ ಪದ್ಧತಿಯನ್ನು ಕ್ಯಾಂಪ್ಬೆಲ್ ಬಾಯಿತುಂಬ ಮೆಚ್ಚಿ, ಇಂಗ್ಲೆಂಡಿನವರು ಇದನ್ನು ಅನುಸರಿಸಿದ್ದು ಸರಿಯಾಗಿಯೇ ಇದೆ ಎಂದರು. ಅನುಸರಿಸಿದವರು ಆಂಡ್ರ್ಯೂ ಬೆಲ್. ಮದ್ರಾಸಿನ ಎಗ್ಮೋರಿನಲ್ಲಿ ಅನಾಥ ಬಾಲಕರ ಶಾಲೆ ನಡೆಸುತ್ತಿದ್ದಾಗ, ಇಲ್ಲಿನ ಮಕ್ಕಳು ಮರಳಿನಲ್ಲಿ ಬರೆಯುವುದನ್ನು ಕಂಡು ತಮ್ಮ ಶಾಲೆಗೂ ತಂದರು. 1797ರಲ್ಲಿ ಅದರ ಬಗ್ಗೆ ಲಂಡನ್ನಿನಲ್ಲಿ ಪುಸ್ತಕ ಪ್ರಕಟಿಸಿದರು. ಜೋಸೆಫ್ ಲಂಕಾಸ್ಟರ್ ಕೂಡ ಇಂಗ್ಲೆಂಡಿನಲ್ಲಿ ಇಂಥದೇ ಪದ್ಧತಿಯನ್ನು ಹಬ್ಬಿಸಿದರು.

● ಮುಂದಿನ ತಿರುವು ಇನ್ನೂ ಸೊಗಸು. ಸ್ಕಾಟ್ಲೆಂಡಿನ ಜೇಮ್ಸ್ ಥಾಮ್ಸನ್ 1818ರಲ್ಲಿ ಕಥೋಲಿಕ ದಕ್ಷಿಣ ಅಮೆರಿಕಕ್ಕೆ ಹೋದಾಗ ಕೈಯಲ್ಲಿದ್ದದ್ದು ಇದೇ ಲಂಕಾಸ್ಟರ್ ಪದ್ಧತಿ. ಅರ್ಜೆಂಟೀನ, ಚಿಲಿ, ಪೆರುಗಳಲ್ಲಿ ಶಾಲೆ ತೆರೆದು, ಬೈಬಲಿನ ಆಯ್ದ ಭಾಗಗಳನ್ನೇ ಓದುವ ಪಾಠ ಮಾಡಿದರು. ಅಲ್ಲಿನ ಜನ ಅವರನ್ನು ದಿಯೆಗೊ ಎಂದು ಕರೆದರು. ಹೊಸದಾಗಿ ಸ್ವತಂತ್ರವಾಗುತ್ತಿದ್ದ ಸರ್ಕಾರಗಳು ನೆರವು ಕೊಟ್ಟವು. ಬಳ್ಳಾರಿಯ ಜಗಲಿ ಶಾಲೆಯಲ್ಲೂ ಇದ್ದ ಕಲಿಕೆಯ ಕ್ರಮ ಮದ್ರಾಸು, ಲಂಡನ್ನುಗಳನ್ನು ದಾಟಿ ಲಿಮಾದವರೆಗೆ ಹೋಗಿತ್ತು. ಈ ಹೆಮ್ಮೆ ನಮ್ಮದು.

● ಎಲ್ಲ ಕಡೆಯೂ ಹೀಗೆ ಸ್ವಾಗತ ಸಿಗಲಿಲ್ಲ. ಸ್ಪೇನ್ ದೇಶದಲ್ಲಿ ಟಿಪ್ಪಣಿಯಿಲ್ಲದ ಬೈಬಲ್ ಮಾರಿದ ಜಾರ್ಜ್ ಬಾರೊ 1838ರಲ್ಲಿ ಮ್ಯಾಡ್ರಿಡ್ ಜೈಲು ಕಂಡರು.

● ಮಂಗಳೂರಿನಲ್ಲಿ ಪೈಪೋಟಿ ಕಾಲೇಜಿನ ರೂಪ ತಾಳಿತು. 1834ರಲ್ಲಿ ಬಂದ ಬಾಸೆಲ್ ಮಿಷನ್ನಿನವರು ಶಾಲೆ, ಅಚ್ಚುಕೂಟ, ಹೆಂಚಿನ ಕಾರ್ಖಾನೆ ಕಟ್ಟಿದರು. ತಮಗೂ ಒಳ್ಳೆಯ ಶಿಕ್ಷಣ ಬೇಕೆಂದು ಅಲ್ಲಿನ ಕಥೋಲಿಕರು ರೋಮಿಗೆ ಮೊರೆಯಿಟ್ಟರು. 1878ರ ಕೊನೆಯ ದಿನ ಇಟಲಿಯ ಜೆಸ್ವಿಟರು ಬಂದಿಳಿದರು. 1880ರಲ್ಲಿ ಸಂತ ಅಲೋಶಿಯಸ್ ಕಾಲೇಜು ತೆರೆಯಿತು. ಲಾಭವಾದದ್ದು ಎಲ್ಲ ಜಾತಿ ಮತಗಳ ಮಕ್ಕಳಿಗೆ.

● ಕಥೋಲಿಕ ದೇಶಗಳಲ್ಲಿ ಪ್ರೊಟೆಸ್ಟಂಟರು ಪ್ರಚಾರ ಮಾಡುವುದು ಸರಿಯೇ ಎಂಬ ಬಗ್ಗೆ ಪ್ರೊಟೆಸ್ಟಂಟರಲ್ಲೇ ಒಮ್ಮತವಿರಲಿಲ್ಲ. 1910ರ ಎಡಿನ್‌ಬರೊ ವಿಶ್ವ ಮಿಷನರಿ ಸಮ್ಮೇಳನ ಲ್ಯಾಟಿನ್ ಅಮೆರಿಕದ ಕಥೋಲಿಕರ ನಡುವಿನ ಕೆಲಸವನ್ನು ಚರ್ಚೆಯಿಂದಲೇ ಹೊರಗಿಟ್ಟಿತು. ಅಸಮಾಧಾನಗೊಂಡವರು 1916ರಲ್ಲಿ ಪನಾಮದಲ್ಲಿ ಬೇರೆಯೇ ಸಮ್ಮೇಳನ ಕರೆದರು.

● ಅದೇ ಎಡಿನ್‌ಬರೊದಲ್ಲಿ ತಮಿಳುನಾಡಿನ ವಿ.ಎಸ್. ಅಜರಯ್ಯ ಎದ್ದುನಿಂತು, ನಮಗೆ ನಿಮ್ಮ ದಾನಕ್ಕಿಂತ ಹೆಚ್ಚಾಗಿ ಸ್ನೇಹ ಬೇಕು ಎಂಬರ್ಥದ ಮಾತಾಡಿ ಬಿಳಿಯ ಮಿಷನರಿಗಳನ್ನು ಬೆಚ್ಚಿಸಿದರು. 1912ರಲ್ಲಿ ಅವರು ದೋರ್ನಕಲ್ಲಿನ ಬಿಷಪ್ ಆದರು. ಆಂಗ್ಲಿಕನ್ ಸಭೆಯ ಮೊದಲ ಭಾರತೀಯ ಬಿಷಪ್ ಅವರೇ.

● 1910ರಲ್ಲೇ ಇಬ್ಬರು ಸ್ವೀಡಿಷ್ ಪ್ರಚಾರಕರು, ಡೇನಿಯಲ್ ಬರ್ಗ್ ಮತ್ತು ಗುನ್ನಾರ್ ವಿಂಗ್ರೆನ್, ಬ್ರೆಜಿಲ್ಲಿನ ಬೆಲೆಂ ಬಂದರಿನಲ್ಲಿ ಇಳಿದರು. ಇಂಥವರ ಪ್ರಚಾರ ಬೆಳೆಯುತ್ತ ಹೋಗಿ, 2022ರ ಜನಗಣತಿಯ ಪ್ರಕಾರ ಆ ದೇಶದಲ್ಲಿ ಇವ್ಯಾಂಜೆಲಿಕಲ್ ಪ್ರೊಟೆಸ್ಟಂಟರು ಶೇ 26.9, ಕಥೋಲಿಕರು ಶೇ 56.7.

● ಬಳ್ಳಾರಿಯ ಲಂಡನ್ ಮಿಷನ್ ಸ್ವತಂತ್ರ ಸಭೆಗಳ ಪರಂಪರೆಯದು. ದಕ್ಷಿಣ ಭಾರತದಲ್ಲಿ ಆ ಪರಂಪರೆಯವರು, ಆಂಗ್ಲಿಕನರು, ಮೆಥಡಿಸ್ಟರು, ಪ್ರೆಸ್ಬಿಟೀರಿಯನ್ನರು 1947ರ ಸೆಪ್ಟೆಂಬರ್ 27ರಂದು ಒಂದುಗೂಡಿ ಚರ್ಚ್ ಆಫ್ ಸೌತ್ ಇಂಡಿಯಾ (ಸಿಎಸ್‌ಐ) ಸಭೆಯಾದರು. ಯುರೋಪಿನಲ್ಲಿ ಬೇರೆಬೇರೆಯಾದವರು ಸ್ವತಂತ್ರ ಭಾರತದಲ್ಲಿ ಜೊತೆಯಾದರು.

● ಬಳ್ಳಾರಿ ಕಥೋಲಿಕ ಧರ್ಮಪ್ರಾಂತ್ಯ ರಚನೆಯಾದದ್ದು 1949ರಲ್ಲಿ. ಹಿಂದೊಮ್ಮೆ ಇಲ್ಲಿನ ಕಥೋಲಿಕರು ಮದ್ರಾಸಿನ ಆಡಳಿತಕ್ಕೆ ಸೇರಿದ್ದರು. ಧರ್ಮಪ್ರಾಂತ್ಯವಾದ ನಾಲ್ಕು ವರ್ಷಗಳ ನಂತರ, 1953ರ ಅಕ್ಟೋಬರ್ 1ರಂದು, ಬಳ್ಳಾರಿ ಜಿಲ್ಲೆಯೂ ಮದ್ರಾಸ್ ಬಿಟ್ಟು ಮೈಸೂರು ರಾಜ್ಯ ಸೇರಿತು. ಸಿರುಗುಪ್ಪ ಇತ್ತ ಉಳಿಯಿತು, ಪಕ್ಕದ ಆದವಾನಿ ಆಂಧ್ರಕ್ಕೆ ಹೋಯಿತು.

● 1964ರಲ್ಲಿ ಎರಡನೇ ವ್ಯಾಟಿಕನ್ ಮಹಾಸಭೆ ಪ್ರೊಟೆಸ್ಟಂಟರನ್ನು ಬೇರೆಯಾದ ಸಹೋದರರು ಎಂದು ಕರೆಯಿತು. ಮರುವರ್ಷ, ಬೈಬಲ್ ಎಲ್ಲ ವಿಶ್ವಾಸಿಗಳ ಕೈಗೂ ಸುಲಭವಾಗಿ ಸಿಗಬೇಕು ಎಂದು ಸಾರಿತು. ದುಬುವಾ ಮತ್ತು ಹ್ಯಾಂಡ್ಸ್ ಕಾಲದ ವಾದಕ್ಕೆ ಹೀಗೆ ತೆರೆ ಬಿತ್ತು.

● ಕೊನೆಯದಾಗಿ, ಕ್ಯಾಂಪ್ಬೆಲ್ ವರದಿಯ ಕಹಿ ಭಾಗ. ಜಿಲ್ಲೆಯ ಜನಸಂಖ್ಯೆ ಆಗ 9,27,857. ಅಷ್ಟು ಜನರಲ್ಲಿ ಶಾಲೆಗೆ ಹೋಗುತ್ತಿದ್ದವರು ಏಳು ಸಾವಿರವೂ ಇಲ್ಲ. ಅದರಲ್ಲಿ ಹುಡುಗಿಯರು ಬರೀ 60. ಹಿಂದೆ ಶಾಲೆಯಿದ್ದ ಎಷ್ಟೋ ಹಳ್ಳಿಗಳಲ್ಲಿ ಈಗ ಒಂದೂ ಇಲ್ಲ, ನಾಡು ಬಡವಾದದ್ದೇ ಇದಕ್ಕೆ ಕಾರಣ, ಯುರೋಪಿನ ಬಟ್ಟೆ ಬಂದು ಇಲ್ಲಿನ ನೇಕಾರರ ಹೊಟ್ಟೆಗೆ ಹೊಡೆಯಿತು ಎಂದು ಕಂಪನಿಯ ಕಲೆಕ್ಟರೇ ಬರೆದಿದ್ದಾರೆ. ಮಿಷನ್ ಶಾಲೆಗಳ ಉಪಕಾರ ನೆನೆಯುವಾಗ ಈ ನಷ್ಟವನ್ನೂ ಲೆಕ್ಕಕ್ಕೆ ಹಿಡಿಯಬೇಕು. ಬಳ್ಳಾರಿ, ಸಿರುಗುಪ್ಪ, ಕುರುಗೋಡಿನ ಮಕ್ಕಳಿಗೆ ರೀವ್ ನಿಘಂಟಿನ ಜೊತೆಗೆ ಆ 533 ಶಾಲೆಗಳ ಕತೆಯನ್ನೂ ಹೇಳಿಕೊಡಿ.